ಮದುವೆ ವಿಡಿಯೊದಿಂದ ಸಾಕ್ಷ್ಯಚಿತ್ರದ ಛಾಯಾಗ್ರಹಣಕ್ಕೆ ಹೋಗಬಹುದೇ? ಹೋದರೆ ಹೊಟ್ಟೆ ತುಂಬುತ್ತದೆಯೇ?

ಶಿರಸಿಯ ಕ್ಯಾಮೆರಾ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ನಾನು ಶಿರಸಿ ತಾಲ್ಲೂಕಿನ ಒಂದು ಹಳ್ಳಿಯವನು, ವಯಸ್ಸು ಇಪ್ಪತ್ತೇಳು. ಬಿ.ಕಾಂ. ಮುಗಿದ ಮೇಲೆ ಐದು ವರ್ಷಗಳಿಂದ ಮದುವೆ, ಉಪನಯನ, ಗೃಹಪ್ರವೇಶಗಳ ವಿಡಿಯೊ ಮಾಡಿಕೊಂಡು ಬಂದಿದ್ದೇನೆ. ಸೋನಿ ಕಂಪನಿಯ ಒಂದು ಫುಲ್ ಫ್ರೇಮ್ ಕ್ಯಾಮೆರಾ, ಎರಡು ಲೆನ್ಸ್ ಮತ್ತು ಕ್ಯಾಮೆರಾ ಅಲುಗದಂತೆ ಹಿಡಿಯುವ ಒಂದು ಗಿಂಬಲ್ ಸ್ವಂತದ್ದಿವೆ. ಅವುಗಳ ಸಾಲವೂ ತೀರಿದೆ.

ಕಳೆದ ಕೊನೆಕೊಯ್ಲಿನ (ಅಡಿಕೆ ಗೊನೆ ಕೊಯ್ಯುವ) ಹಂಗಾಮಿನಲ್ಲಿ ಬೆಂಗಳೂರಿನಿಂದ ಒಂದು ಸಾಕ್ಷ್ಯಚಿತ್ರ ತಂಡ ನಮ್ಮ ಊರಿಗೆ ಬಂದಿತ್ತು. ಅಡಿಕೆ ಮರ ಹತ್ತುವ ಕೊನೆಗೌಡರು ವರ್ಷದಿಂದ ವರ್ಷಕ್ಕೆ ಕಡಿಮೆಯಾಗುತ್ತಿರುವುದರ ಕುರಿತ ಚಿತ್ರ ಅದು. ಊರಿನವನು, ತೋಟ ಗೊತ್ತಿದ್ದವನು ಎಂಬ ಕಾರಣಕ್ಕೆ ನನ್ನನ್ನು ಒಂಬತ್ತು ದಿನ ಎರಡನೇ ಕ್ಯಾಮೆರಾಕ್ಕೆ ಸೇರಿಸಿಕೊಂಡರು. ನನಗೆ ಗೊತ್ತಿದ್ದುದನ್ನೆಲ್ಲ ಖರ್ಚು ಮಾಡಿ ಕೆಲಸ ಮಾಡಿದೆ: ಕೊನೆ ಹಗ್ಗದಲ್ಲಿ ಜಾರಿ ಇಳಿಯುವುದನ್ನು ಸ್ಲೋ ಮೋಷನ್‌ನಲ್ಲಿ ಹಿಡಿದೆ, ಮುಂಜಾನೆಯ ಬಿಸಿಲು ಮಂಜಿನೊಳಗೆ ಇಳಿಯುವುದನ್ನು ಹಿಡಿದೆ, ರಾತ್ರಿ ಹೆಂಗಸರು ಸಾಲಾಗಿ ಮೆಟ್ಟುಗತ್ತಿಯ ಮೇಲೆ ಕುಳಿತು ಅಡಿಕೆ ಸುಲಿಯುವಾಗ ಗಿಂಬಲ್ ಹಿಡಿದು ಅವರ ಸುತ್ತ ಒಂದು ಸುತ್ತು ಬಂದೆ. ಕೊನೆಯ ದಿನ ನಿರ್ದೇಶಕರು ಪ್ರೀತಿಯಿಂದಲೇ ಹೇಳಿದರು: "ತಮ್ಮಾ, ನಿನ್ನ ಶಾಟ್‌ಗಳು ನೋಡಲು ಬಹಳ ಚೆನ್ನಾಗಿವೆ, ಆದರೆ ಇವುಗಳಲ್ಲಿ ಎರಡನ್ನು ಬಿಟ್ಟರೆ ಯಾವುದೂ ಚಿತ್ರದಲ್ಲಿ ಕೂರುವುದಿಲ್ಲ." ಅಷ್ಟು ಹೇಳಿದ ಮೇಲೂ, ಮುಂದಿನ ಚಿತ್ರಕ್ಕೆ ಸಹಾಯಕನಾಗಿ ಬರುವೆಯಾ ಎಂದು ಕೇಳಿ ಹೋಗಿದ್ದಾರೆ.

ನನ್ನ ಪ್ರಶ್ನೆಗಳು ಇವು. ಆ ಶಾಟ್‌ಗಳು ಏಕೆ ಕೂರುವುದಿಲ್ಲ? ಈ ಕೆಲಸವನ್ನು ಸರಿಯಾಗಿ ಕಲಿಯಲು ಸಂಸ್ಥೆಗೆ ಸೇರಬೇಕೇ ಅಥವಾ ಸಹಾಯಕನಾಗಿ ಹೋದರೆ ಸಾಕೇ? ಸಾಲ ಮಾಡಿ ಸಿನಿಮಾ ಕ್ಯಾಮೆರಾ ಒಂದನ್ನು ಕೊಂಡರೆ ಕೆಲಸ ಸಿಗುವುದು ಸುಲಭವಾಗುತ್ತದೆಯೇ? ಮನೆಯಲ್ಲಿ ಅಪ್ಪ ಕೇಳುತ್ತಿರುವ ಪ್ರಶ್ನೆ ಕೊನೆಯದು: ಇದರಿಂದ ಜೀವನ ಸಾಗುತ್ತದೆಯೇ?

ಹಳೇ ಹದಿನಾರು

ನಿಮ್ಮ ಮೊದಲ ಪ್ರಶ್ನೆಗೆ ಉತ್ತರ ಸಿಕ್ಕರೆ ಉಳಿದವುಗಳಿಗೆ ಅರ್ಧ ಉತ್ತರ ಸಿಕ್ಕಂತೆ. ಆದ್ದರಿಂದ ಅಲ್ಲಿಂದಲೇ ಆರಂಭಿಸುತ್ತೇನೆ. ನಾನು ಈ ಕೆಲಸಕ್ಕೆ ಬಂದದ್ದು 16 ಎಂಎಂ ಫಿಲ್ಮಿನ ಕೊನೆಯ ವರ್ಷಗಳಲ್ಲಿ. ನನ್ನ ಹೆಸರನ್ನು ನೋಡಿಯೇ ಅದನ್ನು ಊಹಿಸಿರುತ್ತೀರಿ.

ಮದುವೆಯ ವಿಡಿಯೊದಲ್ಲಿ ಏನು ನಡೆಯುತ್ತದೆ ಎಂಬುದು ನಿಮಗೆ ಮೊದಲೇ ಗೊತ್ತು. ಧಾರೆ ಯಾವಾಗ, ಮಾಂಗಲ್ಯಧಾರಣೆ ಯಾವಾಗ, ಅಕ್ಷತೆ ಯಾವ ಕಡೆಯಿಂದ ಬೀಳುತ್ತದೆ ಎಂಬುದೆಲ್ಲ ಬಾಯಿಪಾಠವಾಗಿರುತ್ತದೆ. ಮದುವೆಯ ಮನೆಯವರಿಗೂ ಅದು ಗೊತ್ತಿರುವುದರಿಂದ ನಿಮ್ಮಿಂದ ಅವರು ಬಯಸುವುದು ನಡೆದದ್ದರ ಅಲಂಕಾರವನ್ನು. ಸಾಕ್ಷ್ಯಚಿತ್ರದಲ್ಲಿ ಮುಂದೇನಾಗುತ್ತದೆ ಎಂಬುದು ಯಾರಿಗೂ ಗೊತ್ತಿರುವುದಿಲ್ಲ. ನೋಡುವವನಿಗೂ ಅದೇ ಕುತೂಹಲ. ಅವನಿಗೆ ಬೇಕಾದದ್ದು ಮರ ಹತ್ತುವ ಮುಂಚೆ ಆ ಕೊನೆಗೌಡರು ಎಷ್ಟು ಹೊತ್ತು ಮರವನ್ನು ನೋಡಿದರು, ಇಳಿದ ಮೇಲೆ ಕೆಳಗೆ ಹಗ್ಗ ಹಿಡಿದು ನಿಂತವನಿಗೆ ಏನು ಹೇಳಿದರು, ಕಾಲನ್ನು ಎಲ್ಲಿ ನೀವಿಕೊಂಡರು ಎಂಬುದು. ನೀವು ಕೊನೆ ಜಾರುವುದನ್ನು ಸ್ಲೋ ಮೋಷನ್‌ನಲ್ಲಿ ಹಿಡಿಯುತ್ತಿದ್ದಾಗ ಆ ಮಾತು ಆಗಿಹೋಗಿರಬಹುದು. ನಿಮ್ಮ ಕ್ಯಾಮೆರಾದಲ್ಲಿ ಸ್ಲೋ ಮೋಷನ್ನಿನ ಮೋಡ್ ಹಾಕಿದರೆ ಧ್ವನಿಯೇ ದಾಖಲಾಗುವುದಿಲ್ಲ ಎಂಬುದನ್ನು ಗಮನಿಸಿದ್ದೀರಾ? ಧ್ವನಿಯಿಲ್ಲದ ಶಾಟ್ ಸಾಕ್ಷ್ಯಚಿತ್ರದ ಮಟ್ಟಿಗೆ ಅರ್ಧ ಶಾಟ್.

ಗಿಂಬಲ್ಲಿನ ವಿಚಾರವೂ ಅಂಥದ್ದೇ. ಸುಲಿಯುವವರ ಸುತ್ತ ಒಂದು ಸುತ್ತು ಬಂದಿರಿ. ಆಗ ಹೆಂಗಸರೆಲ್ಲ ಮಾತು ನಿಲ್ಲಿಸಿ ನಿಮ್ಮನ್ನೇ ನೋಡಿದರೋ ಇಲ್ಲವೋ ಹೇಳಿ. ಅಡಿಕೆ ಸುಲಿಯುವ ರಾತ್ರಿಯ ಜೀವವಿರುವುದೇ ಮಾತಿನಲ್ಲಿ. ಒಂದು ಮೂಲೆಯಲ್ಲಿ ಮಣೆ ಹಾಕಿಕೊಂಡು ಅವರ ಕಣ್ಣಿನ ಎತ್ತರಕ್ಕೆ ಕುಳಿತು, ಮೊದಲ ಒಂದು ಗಂಟೆ ಕ್ಯಾಮೆರಾವನ್ನು ತೊಡೆಯ ಮೇಲಿಟ್ಟುಕೊಂಡೇ ಇದ್ದು, ಅವರಿಗೆ ನಿಮ್ಮ ಮೇಲಿನ ಗಮನ ಹೋದ ಮೇಲೆ ಚಿತ್ರೀಕರಣ ಶುರು ಮಾಡಿದ್ದರೆ ಆ ಎರಡು ಶಾಟ್ ಇಪ್ಪತ್ತಾಗುತ್ತಿದ್ದವು. ಕಿವಿಗೆ ಹೆಡ್‌ಫೋನ್ ಕಡ್ಡಾಯ. ಯಾರು ಮಾತನಾಡುತ್ತಾರೆ ಎಂಬುದನ್ನು ಕಣ್ಣಿಗಿಂತ ಮೊದಲು ಕಿವಿ ಹೇಳುತ್ತದೆ; ಮಾತಾಡಿದವರ ಕಡೆಗೆ ಕ್ಯಾಮೆರಾ ತಿರುಗಿಸುವಷ್ಟರಲ್ಲಿ ಮಾತು ಮುಗಿದಿರುತ್ತದೆ, ಆದ್ದರಿಂದ ಅನುಭವಸ್ಥರು ಕೇಳಿಸಿಕೊಳ್ಳುತ್ತಿರುವವರ ಮುಖದ ಮೇಲೆ ನಿಲ್ಲುತ್ತಾರೆ.

ಇನ್ನೊಂದು ಸಣ್ಣ ತಾಂತ್ರಿಕ ಸಂಗತಿ. ಆ ಮನೆಯ ಜಗಲಿಯಲ್ಲಿ ಟ್ಯೂಬ್‌ಲೈಟ್ ಇತ್ತೇ? ಸೆಕೆಂಡಿಗೆ 24 ಫ್ರೇಮ್, ಶಟರ್ ವೇಗ 1/48 ಸೆಕೆಂಡು ಇಟ್ಟು ಚಿತ್ರಿಸಿದ್ದರೆ ಬೆಳಕು ಮಿಡಿಯುವುದು ಕಾಣುತ್ತದೆ. ನಮ್ಮ ದೇಶದ ವಿದ್ಯುತ್ತು 50 ಹರ್ಟ್ಜ್; 25 ಫ್ರೇಮ್, ಶಟರ್ 1/50 ಇಟ್ಟುಕೊಂಡರೆ ಈ ತೊಂದರೆ ಬಹುಮಟ್ಟಿಗೆ ಬರುವುದಿಲ್ಲ. ಅಗ್ಗದ ಎಲ್‌ಇಡಿ ಬಲ್ಬುಗಳು ಮಾತ್ರ ಯಾವ ಲೆಕ್ಕಕ್ಕೂ ಸಿಗುವುದಿಲ್ಲ. ಅವುಗಳ ಬೆಳಕಿನಲ್ಲಿ ಮೊದಲು ಪರೀಕ್ಷೆ ಮಾಡಿಯೇ ಮುಂದುವರಿಯಬೇಕು.

ಫಿಲ್ಮಿನ ಕಾಲದಲ್ಲಿ 400 ಅಡಿಯ 16 ಎಂಎಂ ರೋಲೊಂದು ಹನ್ನೊಂದು ನಿಮಿಷಕ್ಕೆ ಮುಗಿಯುತ್ತಿತ್ತು, ನಿರ್ಮಾಪಕ ಇಡೀ ಚಿತ್ರಕ್ಕೆ ಎಣಿಸಿ ರೋಲು ಕೊಡುತ್ತಿದ್ದ. ಗುಂಡಿ ಒತ್ತುವ ಮೊದಲು ನೋಡುವ ಅಭ್ಯಾಸ ನಮಗೆ ಬಂದದ್ದು ಗುಣದಿಂದಲ್ಲ, ಬಡತನದಿಂದ. ಆದರೂ ಆ ಅಭ್ಯಾಸ ಇಂದಿಗೂ ಅನ್ನ ಕೊಡುತ್ತಿದೆ.

ಈ ವೃತ್ತಿಯ ಆಕಾರ ಹೇಗಿರುತ್ತದೆ ಎಂಬುದಕ್ಕೆ ಬೆಂಗಳೂರಿನಲ್ಲಿ ನೆಲೆಸಿದ್ದು 2023ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡ ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಅವರ ಉದಾಹರಣೆ ನೋಡಿ. 1973ರಲ್ಲಿ ಹಿಂದಿ ನಿರ್ದೇಶಕ ಮಣಿ ಕೌಲ್ ಅವರ 'ದುವಿಧಾ'ದಂಥ ಕಥಾಚಿತ್ರಕ್ಕೆ ಕ್ಯಾಮೆರಾ ಹಿಡಿದವರು, 1980ರಲ್ಲಿ ಸಾಕ್ಷ್ಯಚಿತ್ರ ನಿರ್ದೇಶಕಿ ದೀಪಾ ಧನರಾಜ್ ಮತ್ತು ಗೆಳತಿಯರೊಡನೆ 'ಯುಗಾಂತರ್' ಎಂಬ ಚಿತ್ರತಂಡವನ್ನು ಕಟ್ಟಿದವರಲ್ಲಿ ಒಬ್ಬರಾದರು. ಆ ತಂಡ ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಣ್ಣಾಳುಗಳ ಸಂಘಟನೆಯ ಬಗ್ಗೆ 1982ರಲ್ಲಿ ಮಾಡಿದ ಚಿತ್ರವನ್ನು ಸಿಕ್ಕರೆ ನೋಡಿ. ಅಷ್ಟು ಜನ ಹೆಂಗಸರ ನಡುವೆ ಕ್ಯಾಮೆರಾ ಹಿಡಿದ ಗಂಡಸೊಬ್ಬ ಎಲ್ಲಿ ನಿಂತಿದ್ದಾನೆ, ಎಷ್ಟು ದೂರ ಕಾಯ್ದುಕೊಂಡಿದ್ದಾನೆ ಎಂಬುದನ್ನು ಗಮನಿಸಿದರೆ ಯಾವ ತರಗತಿಯಲ್ಲೂ ಸಿಗದ ಪಾಠ ಸಿಗುತ್ತದೆ. ಕಥಾಚಿತ್ರ, ಸಾಕ್ಷ್ಯಚಿತ್ರ ಎರಡೂ ಕಡೆ ಓಡಾಡುವುದು ಇಲ್ಲಿ ಹೊಸತಲ್ಲ. ನೂರಕ್ಕೂ ಹೆಚ್ಚು ಸಾಕ್ಷ್ಯಚಿತ್ರಗಳಿಗೆ ದುಡಿದ ರಂಜನ್ ಪಾಲಿತ್ ಕೂಡ ಹಿಂದಿಯ ದೊಡ್ಡ ಕಥಾಚಿತ್ರಗಳನ್ನು ಚಿತ್ರಿಸಿದ್ದಾರೆ.

ಕ್ಯಾಮೆರಾ ಕೊಳ್ಳುವ ವಿಚಾರ: ಬೇಡ. ಬೆಂಗಳೂರಿನಲ್ಲಿ ಬೇಕಾದ ಕ್ಯಾಮೆರಾ ಬಾಡಿಗೆಗೆ ಸಿಗುತ್ತದೆ, ಯಾವುದು ಬೇಕೆಂದು ತೀರ್ಮಾನಿಸುವುದು ನಿರ್ದೇಶಕ ಮತ್ತು ಹಣ ಹಾಕುವವರು. ಕೈಯಲ್ಲಿ ಹಣವಿದ್ದರೆ ಕ್ಯಾಮೆರಾವನ್ನು ನಯವಾಗಿ ತಿರುಗಿಸುವ ಒಳ್ಳೆಯ ಫ್ಲೂಯಿಡ್ ಹೆಡ್ ಇರುವ ಒಂದು ಟ್ರೈಪಾಡ್, ಅಂಗಿಗೆ ಸಿಕ್ಕಿಸುವ ಎರಡು ಲೇಪಲ್ ಮೈಕ್, ಒಂದು ಹೆಡ್‌ಫೋನ್ ಕೊಳ್ಳಿ. ಕ್ಯಾಮೆರಾ ಮೂರು ವರ್ಷಕ್ಕೆ ಹಳತಾಗುತ್ತದೆ. ನನ್ನ ಟ್ರೈಪಾಡಿಗೆ ಹದಿನೆಂಟು ವರ್ಷ.

ಕತ್ತರಿ ಮೇಜು

ನಾನು ಸಂಕಲನಕಾರ. ಮೇಲಿನವರು ಹೇಳಿದ್ದರಲ್ಲಿ ಬಹುಪಾಲನ್ನು ಒಪ್ಪುತ್ತೇನೆ. ಆದರೆ ನಮ್ಮ ಮೇಜಿನಿಂದ ನೋಡಿದಾಗ ಕಾಣುವ ಎರಡು ಮೂರು ಸಂಗತಿಗಳನ್ನು ಸೇರಿಸಬೇಕು.

ಮದುವೆಯ ವಿಡಿಯೊದಿಂದ ಬಂದವರ ಶಾಟ್‌ಗಳಿಗೆ ತಲೆಯೂ ಇರುವುದಿಲ್ಲ, ಬಾಲವೂ ಇರುವುದಿಲ್ಲ. ಮೂರು ಸೆಕೆಂಡಿನ ಚಂದದ ತುಣುಕುಗಳನ್ನು ಹಾಡಿನ ತಾಳಕ್ಕೆ ಜೋಡಿಸುವುದು ಅಲ್ಲಿಯ ಕ್ರಮ. ನನಗೆ ಬೇಕಾದದ್ದು ವ್ಯಕ್ತಿ ಫ್ರೇಮಿನೊಳಗೆ ಬರುವುದು, ಕೆಲಸ ಮಾಡುವುದು ಮತ್ತು ಫ್ರೇಮು ಬಿಟ್ಟು ಹೋಗುವುದು. ಅವರು ಹೋದ ಮೇಲೂ ಹತ್ತು ಸೆಕೆಂಡು ಖಾಲಿ ಜಾಗವನ್ನು ಹಿಡಿದಿರಿ. ಅಲ್ಲಿ ನಾನು ಕತ್ತರಿಸಬಹುದು. ಕೈ, ಕಾಲು, ಮೆಟ್ಟುಗತ್ತಿ, ಬುಟ್ಟಿ, ಗೋಡೆಯ ಗಡಿಯಾರ ಇವುಗಳ ಶಾಟ್ ಕೊಡಿ, ಇಲ್ಲದಿದ್ದರೆ ಒಬ್ಬರ ಇಪ್ಪತ್ತು ನಿಮಿಷದ ಮಾತನ್ನು ಎರಡು ನಿಮಿಷಕ್ಕೆ ಇಳಿಸುವ ದಾರಿಯೇ ನನಗಿರುವುದಿಲ್ಲ. ಚಿತ್ರೀಕರಣ ಮುಗಿದ ಮೇಲೆ ಆ ಜಗಲಿಯ ಮೌನವನ್ನು ಒಂದು ನಿಮಿಷ ದಾಖಲಿಸಿಕೊಂಡು ಬನ್ನಿ. ಅದು ಮೌನವಲ್ಲ, ಜೀರುಂಡೆ, ದೂರದ ಪಂಪ್‌ಸೆಟ್ಟು, ಒಲೆಯ ಸದ್ದು ಎಲ್ಲವೂ ಇರುವ ಧ್ವನಿ.

ಹಾಗೆಂದು ಎಲ್ಲವನ್ನೂ ಚಿತ್ರಿಸಿಕೊಂಡು ಬಂದು ನನ್ನ ಮೇಲೆ ಸುರಿಯಬೇಡಿ. ಮುದುಮಲೆಯ ತೆಪ್ಪಕಾಡು ಆನೆ ಶಿಬಿರದಲ್ಲಿ ಚಿತ್ರೀಕರಿಸಿ 2023ರಲ್ಲಿ ಆಸ್ಕರ್ ಪಡೆದ 'ದಿ ಎಲಿಫೆಂಟ್ ವಿಸ್ಪರರ್ಸ್' ಐದು ವರ್ಷಗಳಲ್ಲಿ ಸಂಗ್ರಹವಾದ ಸುಮಾರು 450 ಗಂಟೆಗಳ ಫುಟೇಜಿನಿಂದ ನಲವತ್ತು ನಿಮಿಷದ ಚಿತ್ರವಾಯಿತು ಎಂಬುದನ್ನು ಎಲ್ಲರೂ ಹೆಮ್ಮೆಯಿಂದ ಹೇಳುತ್ತಾರೆ. ಅಷ್ಟನ್ನೂ ಕುಳಿತು ನೋಡಿದವರೊಬ್ಬರಿದ್ದಾರೆ ಎಂಬುದು ಮಾತ್ರ ಯಾರಿಗೂ ನೆನಪಾಗುವುದಿಲ್ಲ! ಲೆಕ್ಕವನ್ನೂ ನೋಡಿ: 4ಕೆಯಲ್ಲಿ ಸೆಕೆಂಡಿಗೆ 250 ಮೆಗಾಬಿಟ್ ವೇಗದಲ್ಲಿ ದಾಖಲಿಸಿದರೆ ಗಂಟೆಗೆ ಸುಮಾರು 112 ಜಿಬಿ ಆಗುತ್ತದೆ. ದಿನಕ್ಕೆ ನಾಲ್ಕು ಗಂಟೆ ಚಿತ್ರಿಸಿದರೂ ರಾತ್ರಿ ಎರಡು ಬೇರೆ ಬೇರೆ ಡಿಸ್ಕುಗಳಿಗೆ ಪ್ರತಿ ಮಾಡಿ ಪರೀಕ್ಷಿಸದೆ ಕಾರ್ಡು ಅಳಿಸುವಂತಿಲ್ಲ. ಹಳ್ಳಿಯಲ್ಲಿ ಕರೆಂಟು ಹೋದಾಗ ಈ ಕೆಲಸ ನಡುರಾತ್ರಿಯವರೆಗೂ ಎಳೆಯುತ್ತದೆ. ಅದು ಸಹಾಯಕನ ಕೆಲಸ, ಅಂದರೆ ಸದ್ಯಕ್ಕೆ ನಿಮ್ಮದು.

ಒಂದು ವಿಷಯದಲ್ಲಿ ಮಾತ್ರ ಹಳೇ ಛಾಯಾಗ್ರಾಹಕರೊಂದಿಗೆ ನನ್ನ ಜಗಳ ಯಾವತ್ತೂ ಮುಗಿದಿಲ್ಲ. ಯಾರಾದರೂ ಅಳಲು ಶುರು ಮಾಡಿದ ಕೂಡಲೇ ಅವರು ಸೌಜನ್ಯದಿಂದ ಕ್ಯಾಮೆರಾ ಕೆಳಗಿಳಿಸುತ್ತಾರೆ. ಇಳಿಸಬೇಡಿ, ದಾಖಲಾಗುತ್ತಿರಲಿ, ಬಳಸಬೇಕೋ ಬೇಡವೋ ಎಂಬುದನ್ನು ಮೇಜಿನ ಮುಂದೆ ತಣ್ಣಗೆ ಕುಳಿತು ನಿರ್ಧರಿಸೋಣ ಎಂಬುದು ನನ್ನ ವಾದ.

ಹಳೇ ಹದಿನಾರು

ಕತ್ತರಿಯವರೇ, ಆ ಜಗಳ ಮುಗಿಯುವುದೂ ಬೇಡ. ಆದರೆ ಕಾರಣ ಹೇಳುತ್ತೇನೆ. ಬಹಳ ವರ್ಷಗಳ ಹಿಂದೆ ಸಾಲದ ಹೊರೆಯಿಂದ ಗಂಡನನ್ನು ಕಳೆದುಕೊಂಡ ರೈತ ಮಹಿಳೆಯೊಬ್ಬರ ಮನೆಯಲ್ಲಿ ಚಿತ್ರೀಕರಿಸುತ್ತಿದ್ದೆ. ಅವರು ಮಾತಿನ ನಡುವೆ ಸೆರಗಿನಿಂದ ಮುಖ ಮುಚ್ಚಿಕೊಂಡರು. ನಾನು ಕ್ಯಾಮೆರಾ ನಿಲ್ಲಿಸಿದೆ. ನಿರ್ದೇಶಕರು ಸಂಜೆಯವರೆಗೂ ನನ್ನೊಡನೆ ಮಾತಾಡಲಿಲ್ಲ. ಮರುದಿನ ಆ ತಾಯಿಯೇ ಕರೆಸಿ, "ನಿನ್ನೆ ಹೇಳಿ ಮುಗಿಸಿರಲಿಲ್ಲ, ಇವತ್ತು ಹೇಳುತ್ತೇನೆ, ತೆಗೆದುಕೊಳ್ಳಿ" ಎಂದರು. ಚಿತ್ರದಲ್ಲಿ ಉಳಿದದ್ದು ಎರಡನೇ ದಿನದ ಮಾತು. ಪ್ರತಿ ಸಲವೂ ಹೀಗೆಯೇ ಆಗುತ್ತದೆ ಎಂದು ನಾನು ಹೇಳುವುದಿಲ್ಲ. ಎಷ್ಟೋ ಸಲ ಕ್ಯಾಮೆರಾ ಇಳಿಸಿ ಶಾಟ್ ಕಳೆದುಕೊಂಡಿದ್ದೇನೆ. ಮೇಜಿನ ಮುಂದೆ ಕುಳಿತವರಿಗೆ ಅದು ಫುಟೇಜು. ಎದುರಿಗೆ ಕುಳಿತವನಿಗೆ ಮರುದಿನ ಬೆಳಿಗ್ಗೆ ಅದೇ ಮನೆಯ ಬಾಗಿಲು ತಟ್ಟಬೇಕಾಗಿರುತ್ತದೆ.

ಬೆಳಕಿನ ಮೀಟರು

ಸಂಸ್ಥೆಗೆ ಸೇರಬೇಕೇ ಎಂಬ ಪ್ರಶ್ನೆಗೆ ಯಾರೂ ಉತ್ತರಿಸಿಲ್ಲ. ಸೇರಿ ಕಲಿತವಳಾಗಿ ನಾನು ಉತ್ತರಿಸುತ್ತೇನೆ.

ಪುಣೆಯ ಚಲನಚಿತ್ರ ಸಂಸ್ಥೆ 1960ರಲ್ಲಿ, ಕೊಲ್ಕತ್ತದ ಸತ್ಯಜಿತ್ ರೇ ಸಂಸ್ಥೆ 1995ರಲ್ಲಿ ಆರಂಭವಾದವು. ಎರಡರಲ್ಲೂ ಪದವಿಯ ನಂತರ ಮೂರು ವರ್ಷದ ಛಾಯಾಗ್ರಹಣದ ಕೋರ್ಸುಗಳಿವೆ, ಪ್ರವೇಶ ಪರೀಕ್ಷೆಯಿದೆ, ಸೀಟುಗಳು ಬೆರಳೆಣಿಕೆಯಷ್ಟು. ನಮ್ಮಲ್ಲೇ ಹೆಸರಘಟ್ಟದ ಸರ್ಕಾರಿ ಸಂಸ್ಥೆಯಲ್ಲಿ ಡಿಪ್ಲೊಮಾ ಇದೆ. ಅದರ ಬೇರು ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿದೆ. ಗುರುದತ್ ಅವರ ಚಿತ್ರಗಳ ಛಾಯಾಗ್ರಾಹಕ, ಮೈಸೂರಿನ ವಿ.ಕೆ. ಮೂರ್ತಿಯವರು ಮತ್ತು ಮುಂದೆ ಹಿಂದಿ ಚಿತ್ರ ನಿರ್ದೇಶಕರೂ ಆದ ಗೋವಿಂದ ನಿಹಲಾನಿಯವರು ಕಲಿತದ್ದು ಅಲ್ಲಿ. ನಿಹಲಾನಿಯವರು 1962ರಲ್ಲಿ ಅಲ್ಲಿಂದ ಹೊರಬಂದರು. ಮೂರ್ತಿಯವರು ದಾದಾ ಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕರಾದರು.

ಸಂಸ್ಥೆ ಕೊಡುವುದು ಎರಡು ವಸ್ತು. ಒಂದು, ಬೆಳಕಿನ ಬಗ್ಗೆ ತರ್ಕಬದ್ಧವಾಗಿ ಯೋಚಿಸುವ ಅಭ್ಯಾಸ. ಇನ್ನೊಂದು, ಮುಂದೆ ಇಪ್ಪತ್ತು ವರ್ಷ ನಿಮಗೆ ಕೆಲಸ ಹೇಳುವ ಸಹಪಾಠಿಗಳು. ನಿಜ ಹೇಳಬೇಕೆಂದರೆ ಎರಡನೆಯದೇ ಹೆಚ್ಚು ಬೆಲೆಯುಳ್ಳದ್ದು. ಆದರೆ ಅಪರಿಚಿತರ ಅಡುಗೆಮನೆಯಲ್ಲಿ ಯಾರಿಗೂ ಅಡ್ಡಿಯಾಗದಂತೆ ಮೂರು ಗಂಟೆ ನಿಲ್ಲುವುದನ್ನು ಅಲ್ಲಿ ಯಾರೂ ಕಲಿಸಲಿಲ್ಲ. ಅದು ನಿಮಗೆ ಮದುವೆ ಮನೆಗಳಲ್ಲಿ ಆಗಲೇ ಬಂದಿದೆ. ಅಷ್ಟು ಜನಜಂಗುಳಿಯಲ್ಲಿ ಪುರೋಹಿತರ ಕೋಪವನ್ನೂ ಬೀಗರ ಮುನಿಸನ್ನೂ ದಾಟಿ ಕ್ಯಾಮೆರಾ ಹಿಡಿದವರಿಗೆ ಈ ಕೆಲಸದ ಅರ್ಧ ತರಬೇತಿ ಆಗಿಹೋಗಿದೆ ಎಂಬುದು ನನ್ನ ಅಭಿಪ್ರಾಯ. ಮೇಲಿನ ಇಬ್ಬರು ಮದುವೆ ವಿಡಿಯೊವನ್ನು ಸ್ವಲ್ಪ ಹಗುರವಾಗಿ ಕಂಡರು. ಇಪ್ಪತ್ತೇಳನೇ ವಯಸ್ಸಿನಲ್ಲಿ, ಕರೆಯುವ ನಿರ್ದೇಶಕರು ಎದುರಿಗಿರುವಾಗ, ನಾನಾದರೆ ಮೊದಲು ಸಹಾಯಕಳಾಗಿ ಹೋಗುತ್ತಿದ್ದೆ. ಒಂದೆರಡು ಚಿತ್ರ ಆದ ಮೇಲೆ ಯಾವುದು ಗೊತ್ತಿಲ್ಲ ಎಂಬುದು ತಿಳಿಯುತ್ತದೆ, ಆಗ ಸಂಸ್ಥೆಗೆ ಅರ್ಜಿ ಹಾಕಿದರೂ ತಡವಲ್ಲ.

ಹೆಣ್ಣುಮಕ್ಕಳು ಯಾರಾದರೂ ಇದನ್ನು ಓದುತ್ತಿದ್ದರೆ ಅವರಿಗೊಂದು ಮಾತು. 1985ರಲ್ಲಿ ಬಿ.ಆರ್. ವಿಜಯಲಕ್ಷ್ಮಿಯವರು ತಮಿಳು ಕಥಾಚಿತ್ರಕ್ಕೆ ಸ್ವತಂತ್ರವಾಗಿ ಛಾಯಾಗ್ರಹಣ ಮಾಡಿದಾಗ ಅದು ಸುದ್ದಿಯಾಗಿತ್ತು. ಇಂದು ಭಾರತದ ಮಹಿಳಾ ಛಾಯಾಗ್ರಾಹಕರದ್ದೇ ಒಂದು ಬಳಗವಿದೆ, 2017ರಲ್ಲಿ ಆರಂಭವಾದದ್ದು. ಸಾಕ್ಷ್ಯಚಿತ್ರದಲ್ಲಂತೂ ನಮಗೆ ಕೆಲಸ ಸಿಗುವುದಕ್ಕೆ ಸರಳ ಕಾರಣವೊಂದಿದೆ: ಹೆರಿಗೆ ವಾರ್ಡು, ಬಾಣಂತಿ ಕೋಣೆ, ಗಾರ್ಮೆಂಟ್ಸ್ ಹುಡುಗಿಯರ ಬಾಡಿಗೆ ರೂಮು ಇಲ್ಲೆಲ್ಲ ಕ್ಯಾಮೆರಾ ಹಿಡಿದ ಗಂಡಸಿಗೆ ಪ್ರವೇಶವಿಲ್ಲ. ಆದರೆ ಚಿತ್ರೀಕರಣಕ್ಕೆ ಹೋದ ಊರಿನಲ್ಲಿ ಶೌಚಾಲಯ ಎಲ್ಲಿದೆ, ರಾತ್ರಿ ಉಳಿಯುವುದು ಎಲ್ಲಿ ಎಂಬುದನ್ನು ಒಪ್ಪಿಕೊಳ್ಳುವ ಮೊದಲೇ ಕೇಳಿ. ಕೇಳಲು ಸಂಕೋಚಪಟ್ಟು ನಾನು ಮೊದಲ ಎರಡು ವರ್ಷ ನೀರು ಕುಡಿಯದೆ ಕೆಲಸ ಮಾಡಿ ಕಾಯಿಲೆ ಬಿದ್ದವಳು.

ಬೆನ್ನಿನ ಬಗ್ಗೆ ಎಲ್ಲರಿಗೂ ಹೇಳುವೆ. ಕ್ಯಾಮೆರಾ, ಲೆನ್ಸ್, ಬ್ಯಾಟರಿ, ಮೈಕಿನ ರಿಸೀವರು ಎಲ್ಲ ಸೇರಿ ನಾಲ್ಕೈದು ಕಿಲೊ ತೂಕವನ್ನು ದಿನವಿಡೀ ಒಂದೇ ಭುಜದ ಮೇಲೆ ಹೊತ್ತರೆ ನಲವತ್ತಕ್ಕೆ ಸೊಂಟ ಹಿಡಿಯುತ್ತದೆ. ಈಗಿನಿಂದಲೇ ವ್ಯಾಯಾಮ ಮಾಡಿ.

ಕಬಿನಿಯ ಮರೆ

ಅಡಿಕೆ ತೋಟದಿಂದ ಸ್ವಲ್ಪ ಮುಂದೆ ಹೋದರೆ ಕಾಡು. ನಿಮ್ಮ ಜಿಲ್ಲೆಯವರಿಗೆ ವನ್ಯಜೀವಿ ಚಿತ್ರೀಕರಣದ ಆಸೆಯೂ ಹುಟ್ಟಬಹುದೆಂದು ಇದನ್ನು ಬರೆಯುತ್ತಿದ್ದೇನೆ. ಏಕೆಂದರೆ ಸಾಕ್ಷ್ಯಚಿತ್ರವೆಂಬ ಒಂದೇ ಹೆಸರಿನಡಿ ಇದ್ದರೂ ಇದು ಬೇರೆಯೇ ಕಸುಬು. ಮೈಸೂರಿನ ಕೃಪಾಕರ-ಸೇನಾನಿಯವರು ಸೀಳುನಾಯಿಗಳ ಹಿಂದೆ ವರ್ಷಗಟ್ಟಲೆ ಅಲೆದು ಮಾಡಿದ 'ದಿ ಪ್ಯಾಕ್' 2010ರಲ್ಲಿ ಗ್ರೀನ್ ಆಸ್ಕರ್ ಎಂದು ಕರೆಯುವ ಪ್ರಶಸ್ತಿ ಪಡೆಯಿತು. ಪ್ರಶಸ್ತಿ ಮಾತ್ರ ಎಲ್ಲರಿಗೂ ಕಾಣುತ್ತದೆ. ಒಂದು ಪ್ರಾಣಿ ಗುಂಪಿನ ದಿನಚರಿ ಅರ್ಥವಾಗುವವರೆಗೆ ಕಾದ ಕಾಲ ಯಾರ ಲೆಕ್ಕಕ್ಕೂ ಬರುವುದಿಲ್ಲ.

ಇಲ್ಲಿ ಮಾತಿಲ್ಲ, ಸಂದರ್ಶನವಿಲ್ಲ. ಉದ್ದ ಲೆನ್ಸ್, ಭಾರದ ಟ್ರೈಪಾಡ್ ಮತ್ತು ತಾಳ್ಮೆ ಅಷ್ಟೇ. ಬೇಸಿಗೆಯಲ್ಲಿ ಬೆಳಿಗ್ಗೆ ಒಂಬತ್ತು ದಾಟಿದರೆ ನೆಲದಿಂದೇಳುವ ಬಿಸಿ ಗಾಳಿ ಉದ್ದ ಲೆನ್ಸಿನಲ್ಲಿ ನೀರಿನಂತೆ ನಡುಗುತ್ತದೆ, ಆದ್ದರಿಂದ ಕೆಲಸದ ಹೊತ್ತು ದಿನಕ್ಕೆ ನಾಲ್ಕೈದು ಗಂಟೆ ಮಾತ್ರ. ಗುಂಡಿ ಒತ್ತುವುದಕ್ಕೆ ಮುಂಚಿನ ಕೆಲವು ಸೆಕೆಂಡುಗಳನ್ನೂ ಉಳಿಸಿಕೊಳ್ಳುವ ವ್ಯವಸ್ಥೆ ಈಗಿನ ಕ್ಯಾಮೆರಾಗಳಲ್ಲಿದೆ. ಅದು ಬಂದ ಮೇಲೆ ನಮ್ಮ ವರಸೆಯೇ ಬದಲಾಯಿತು.

ಅಭಯಾರಣ್ಯದೊಳಗೆ ಚಿತ್ರೀಕರಿಸಲು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ರಾಜ್ಯದ ಮುಖ್ಯ ವನ್ಯಜೀವಿ ಪರಿಪಾಲಕರ ಅನುಮತಿ ಬೇಕು, ಅದಕ್ಕೆ ಶುಲ್ಕವೂ ಇದೆ. ಸಫಾರಿ ಟಿಕೆಟ್ಟು ಅನುಮತಿಯಲ್ಲ. ಡ್ರೋನಿನ ಮಾತಂತೂ ಎತ್ತಲೇಬೇಡಿ. ಅನುಮತಿಯಿಲ್ಲದೆ ಹಾರಿಸಿ ಸಿಕ್ಕಿಬಿದ್ದರೆ ಉಪಕರಣದ ಜೊತೆಗೆ ಹೆಸರೂ ಹೋಗುತ್ತದೆ. ನಾಡಿನಲ್ಲಿ ಕೂಡ 2021ರ ಡ್ರೋನ್ ನಿಯಮಗಳಂತೆ, 250 ಗ್ರಾಂ ಮೀರಿದ್ದಕ್ಕೆ ನೋಂದಣಿ, ಹಣಕ್ಕಾಗಿ ಹಾರಿಸುವುದಾದರೆ ಪೈಲಟ್ ಪ್ರಮಾಣಪತ್ರ ಬೇಕು. ಮದುವೆಗಳಲ್ಲಿ ಇದನ್ನು ಯಾರೂ ಕೇಳುವುದಿಲ್ಲ, ಸಾಕ್ಷ್ಯಚಿತ್ರದ ನಿರ್ಮಾಪಕರು ಕೇಳುತ್ತಾರೆ.

ಲೆಕ್ಕದ ಪುಸ್ತಕ

ತಂದೆಯವರ ಪ್ರಶ್ನೆಗೆ ನಾನು ಉತ್ತರಿಸುತ್ತೇನೆ. ನಾನು ಸಾಕ್ಷ್ಯಚಿತ್ರಗಳ ನಿರ್ಮಾಣದ ಲೆಕ್ಕ ನೋಡುವವನು. ಚೆಕ್ಕು ಬರೆಯುವುದು, ಕೆಲವೊಮ್ಮೆ ಬರೆಯಲಾಗದೆ ಮುಖ ತಪ್ಪಿಸುವುದು ನನ್ನ ಉದ್ಯೋಗ.

ಒಂದು ಕಾಲದಲ್ಲಿ ಇದು ಸಂಬಳದ ನೌಕರಿಯಾಗಿತ್ತು. 1948ರಲ್ಲಿ ಆರಂಭವಾದ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಜನ್ನಿನಲ್ಲಿ ಕ್ಯಾಮೆರಾದವರು ಸರ್ಕಾರಿ ನೌಕರರಾಗಿದ್ದರು. ಸಿನಿಮಾ ಮಂದಿರದಲ್ಲಿ ಮುಖ್ಯ ಚಿತ್ರಕ್ಕೆ ಮುಂಚೆ ನಾವೆಲ್ಲ ನೋಡಿದ ಸುದ್ದಿಚಿತ್ರಗಳು ಅವರ ಕೆಲಸ. 2022ರಲ್ಲಿ ಆ ಸಂಸ್ಥೆಯನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮವಾದ ಎನ್‌ಎಫ್‌ಡಿಸಿಯೊಂದಿಗೆ ವಿಲೀನಗೊಳಿಸಲಾಯಿತು. ಈಗ ಈ ವೃತ್ತಿಯಲ್ಲಿರುವ ಬಹುತೇಕರು ದಿನಗೂಲಿಯ ಲೆಕ್ಕದಲ್ಲಿ ದುಡಿಯುವವರು. 'ಫ್ರೀಲಾನ್ಸ್' ಎಂದರೆ ಕೇಳಲು ಗೌರವವಾಗಿರುತ್ತದೆ, ಅಷ್ಟೇ ವ್ಯತ್ಯಾಸ. ನನಗೆ ಗೊತ್ತಿರುವ ಛಾಯಾಗ್ರಾಹಕರಲ್ಲಿ ಬರಿಯ ಸಾಕ್ಷ್ಯಚಿತ್ರದಿಂದ ಸಂಸಾರ ನಡೆಸುವವರು ಇಲ್ಲವೆನ್ನುವಷ್ಟು ಕಡಿಮೆ. ವರ್ಷದಲ್ಲಿ ಕೆಲವು ತಿಂಗಳು ಕಂಪನಿಗಳ ಮತ್ತು ಸ್ವಯಂಸೇವಾ ಸಂಸ್ಥೆಗಳ ಕಿರುಚಿತ್ರಗಳು, ಕೆಲವು ತಿಂಗಳು ಜಾಹೀರಾತು ಅಥವಾ ವೆಬ್ ಸರಣಿ, ಉಳಿದ ಕಾಲ ಮನಸ್ಸಿಗೆ ಒಪ್ಪುವ ಸಾಕ್ಷ್ಯಚಿತ್ರ. ಹೀಗೆ ಹಂಚಿಕೊಂಡವರು ಉಳಿದಿದ್ದಾರೆ. ಆದ್ದರಿಂದ ಮದುವೆಯ ಕೆಲಸವನ್ನು ಬಿಡಬೇಡಿ. ಮುಹೂರ್ತಗಳಿರುವ ತಿಂಗಳು ಅದನ್ನು ಮಾಡಿ, ಆಷಾಢದಂಥ ಮದುವೆಯಿಲ್ಲದ ಕಾಲದಲ್ಲಿ ಚಿತ್ರಗಳಿಗೆ ಹೋಗಿ; ಪಂಚಾಂಗವೇ ನಿಮ್ಮ ಕಡೆಗಿದೆ.

ಹಣದ ವಿಚಾರದಲ್ಲಿ ಬರವಣಿಗೆಯಿಲ್ಲದೆ ಯಾವುದಕ್ಕೂ ಒಪ್ಪಬೇಡಿ. ನಾನು ಹಿಂದೆ ದುಡಿದ ಒಂದು ಸಂಸ್ಥೆ, ಹೆಸರು ಬೇಡ, ಛಾಯಾಗ್ರಾಹಕನೊಬ್ಬನ ಇಪ್ಪತ್ತಾರು ದಿನದ ಸಂಭಾವನೆಯನ್ನು "ಚಿತ್ರ ಮಾರಾಟವಾದ ಮೇಲೆ" ಎಂದು ಎರಡು ವರ್ಷ ಮುಂದೂಡಿತು. ಅವನ ಬಳಿ ಇದ್ದದ್ದು ಫೋನಿನ ಮಾತು ಮಾತ್ರ. ಒಂದು ಪುಟದ ಕರಾರು ಸಾಕು, ಆದರೆ ಅದರಲ್ಲಿ ನಿಮ್ಮ ದಿನದ ಸಂಭಾವನೆ ಒಂದು ಸಾಲಿನಲ್ಲಿ, ನಿಮ್ಮ ಕ್ಯಾಮೆರಾದ ಬಾಡಿಗೆ ಬೇರೊಂದು ಸಾಲಿನಲ್ಲಿ ಇರಬೇಕು. ಎರಡನ್ನೂ ಒಂದೇ ಮೊತ್ತಕ್ಕೆ ಕಟ್ಟಿ ಕೊಟ್ಟರೆ ಮುಂದಿನ ಸಲ ಕ್ಯಾಮೆರಾ ಇಲ್ಲದೆ ಬರಿಗೈಯಲ್ಲಿ ಹೋದಾಗ ಬಾಡಿಗೆಯಷ್ಟನ್ನೇ ಕಳೆದು ಕೊಡುತ್ತಾರೆ ಎನ್ನುವ ನಂಬಿಕೆ ಬೇಡ, ಅದಕ್ಕಿಂತ ಹೆಚ್ಚು ಕಳೆಯುತ್ತಾರೆ. ಪ್ರಯಾಣದ ದಿನಕ್ಕೆ ಎಷ್ಟು, ದಿನವೆಂದರೆ ಎಷ್ಟು ಗಂಟೆ, ಮುಂಗಡ ಎಷ್ಟು, ಉಪಕರಣ ಹಾಳಾದರೆ ಯಾರು ಕೊಡಬೇಕು, ಚಿತ್ರದ ಹೆಸರುಪಟ್ಟಿಯಲ್ಲಿ ನಿಮ್ಮ ಹೆಸರು ಹೇಗೆ ಬರುತ್ತದೆ ಎಂಬುದನ್ನೂ ಬರೆಸಿಕೊಳ್ಳಿ. 1957ರ ಹಕ್ಕುಸ್ವಾಮ್ಯ ಕಾಯ್ದೆಯ ಪ್ರಕಾರ ಚಲನಚಿತ್ರದ ಕರ್ತೃವೆಂದರೆ ನಿರ್ಮಾಪಕ. ಕ್ಯಾಮೆರಾ ಹಿಡಿದ ಮಾತ್ರಕ್ಕೆ ಫುಟೇಜಿನ ಮೇಲೆ ನಿಮಗೆ ಹಕ್ಕು ಬರುವುದಿಲ್ಲ. ನಿಮ್ಮ ಕೆಲಸದ ಮಾದರಿಯಾಗಿ ತೋರಿಸಲು ಎರಡು ನಿಮಿಷದ ತುಣುಕು ಬಳಸುವ ಅನುಮತಿಯನ್ನೂ ಕರಾರಿನಲ್ಲೇ ಕೇಳಬೇಕು.

ವೃತ್ತಿಪರ ಸಂಭಾವನೆಯಲ್ಲಿ ಶೇ 10ರಷ್ಟು ಟಿಡಿಎಸ್ (ಕೊಡುವವರೇ ಮೊದಲು ಹಿಡಿದುಕೊಳ್ಳುವ ಆದಾಯ ತೆರಿಗೆ) ಕಡಿತವಾಗಿ ಬರುತ್ತದೆ, ರಿಟರ್ನ್ ಸಲ್ಲಿಸಿ ಹೆಚ್ಚಾದದ್ದನ್ನು ಹಿಂಪಡೆಯಿರಿ, ಬಿ.ಕಾಂ. ಓದಿದವರಿಗೆ ಇದಕ್ಕಿಂತ ಹೆಚ್ಚು ಹೇಳಬೇಕಾಗಿಲ್ಲ.

ಶಿರಸಿಯ ಕ್ಯಾಮೆರಾ

ಎಲ್ಲರಿಗೂ ಕೃತಜ್ಞತೆಗಳು. ನಿಮ್ಮ ಮಾತುಗಳನ್ನು ಓದಿ ನಿನ್ನೆ ರಾತ್ರಿ ಆ ಒಂಬತ್ತು ದಿನದ ಫುಟೇಜನ್ನು ಮತ್ತೆ ನೋಡಿದೆ. ತಂಡಕ್ಕೆ ಕೊಡುವ ಮೊದಲು ಪ್ರತಿ ಇಟ್ಟುಕೊಂಡಿದ್ದೆ, ಅದಕ್ಕೂ ಅನುಮತಿ ಕೇಳಬೇಕಿತ್ತೆಂದು ಈಗ ತಿಳಿದು ನಿರ್ದೇಶಕರಿಗೆ ಬರೆದಿದ್ದೇನೆ. ಹಳೇ ಹದಿನಾರು ಅವರು ಊಹಿಸಿದ್ದು ಅಕ್ಷರಶಃ ನಿಜ. ಜಗಲಿಯ ಟ್ಯೂಬ್‌ಲೈಟು ಮಿಡಿಯುತ್ತಿದೆ, ಹೆಂಗಸರೆಲ್ಲ ಗಿಂಬಲ್ಲನ್ನೇ ನೋಡುತ್ತಿದ್ದಾರೆ. ಬಳಸಬಹುದಾದ ಆ ಎರಡು ಶಾಟ್ ಯಾವುವೆಂದೂ ತಿಳಿಯಿತು: ಒಂದು, ಗಿಂಬಲ್ಲಿನ ಬ್ಯಾಟರಿ ಮುಗಿದಾಗ ಕ್ಯಾಮೆರಾವನ್ನು ಅಕ್ಕಿ ಮೂಟೆಯ ಮೇಲಿಟ್ಟು ನಿಲ್ಲಿಸಲು ಮರೆತಾಗ ದಾಖಲಾದದ್ದು, ಇನ್ನೊಂದು, ಊಟಕ್ಕೆ ಕರೆದಾಗ ಕೊನೆಗೌಡರು ಕೈ ತೊಳೆಯುತ್ತ ನಮ್ಮ ಅಪ್ಪನೊಡನೆ ಮಾತಾಡಿದ್ದು.

ಸಹಾಯಕನಾಗಿ ಹೋಗುತ್ತೇನೆಂದು ಒಪ್ಪಿಕೊಂಡೆ. ಚಿತ್ರೀಕರಣ ಆಷಾಢದಲ್ಲಿ, ಮೇಘಾಲಯದಲ್ಲಿ, ಬೆಂಗಳೂರಿನಿಂದ ವಿಮಾನ. ಕರಾರು ಕಳಿಸಿ ಎಂದು ಕೇಳಿದ್ದಕ್ಕೆ ನಿರ್ದೇಶಕರು ನಕ್ಕು, ಯಾರು ಹೇಳಿಕೊಟ್ಟರು ಎಂದರು, ಕಳಿಸಿಯೂ ಇದ್ದಾರೆ. ಒಂದೇ ಸಣ್ಣ ಪ್ರಶ್ನೆ ಉಳಿದಿದೆ. ದೊಡ್ಡ ಬ್ಯಾಟರಿಗಳನ್ನು ವಿಮಾನದಲ್ಲಿ ಒಯ್ಯುವುದು ಹೇಗೆ?

ಬೆಳಕಿನ ಮೀಟರು

ಬಿಡಿ ಬ್ಯಾಟರಿಗಳನ್ನು ಲಗೇಜಿಗೆ ಹಾಕುವಂತಿಲ್ಲ, ಕೈಚೀಲದಲ್ಲೇ ಒಯ್ಯಬೇಕು. 100 ವ್ಯಾಟ್ ಅವರ್ ವರೆಗಿನವುಗಳಿಗೆ ವಿಶೇಷ ಅನುಮತಿ ಬೇಡ. 100ರಿಂದ 160ರವರೆಗಿನವು ಎರಡಕ್ಕಿಂತ ಹೆಚ್ಚು ಬೇಡ, ಅವಕ್ಕೂ ವಿಮಾನ ಕಂಪನಿಯನ್ನು ಮೊದಲೇ ಕೇಳಿರಬೇಕು. ಬಾಡಿಗೆಗೆ ತರುವಾಗ 98 ಎಂದು ಬರೆದಿರುವುದನ್ನೇ ಕೇಳಿ ಪಡೆಯಿರಿ. ಅಂಕಿ ಅಳಿಸಿಹೋಗಿದ್ದರೆ ಭದ್ರತೆಯವರು ಬಿಡುವುದಿಲ್ಲ. ತುದಿಗಳಿಗೆ ಟೇಪು ಹಚ್ಚಿ ಒಂದೊಂದನ್ನೂ ಬೇರೆ ಬೇರೆ ಚೀಲದಲ್ಲಿಡಿ. ಮಳೆಗಾಲದ ಮೇಘಾಲಯ ಎಂದಿರಿ. ಲೆನ್ಸಿಗೆ ಹಬೆ ಹಿಡಿಯುತ್ತದೆ, ಸಿಲಿಕಾ ಜೆಲ್ ಪೊಟ್ಟಣಗಳನ್ನೂ ಒಂದು ಒಳ್ಳೆಯ ಛತ್ರಿಯನ್ನೂ ಒಯ್ಯಿರಿ. ಛತ್ರಿ ಕ್ಯಾಮೆರಾಕ್ಕೆ, ನಿಮಗಲ್ಲ.